ಕಾಲಿದ್ದವರು ನೋಡುವ ಹಂಪೆ

‘ಕಾಲಿದ್ದವರು ಹಂಪೆ ನೋಡಬೇಕು, ಕಣ್ಣಿದ್ದವರು ಕನಕಗಿರಿ ನೋಡಬೇಕು’ ಎಂಬ ಗಾದೆ ಬಳ್ಳಾರಿ-ರಾಯಚೂರು ಸೀಮೆಯಲ್ಲಿ ಬಹುಕಾಲದಿಂದ ಬಳಕೆಯಲ್ಲಿದೆ. ಕನಕಗಿರಿಯ ದೇವಾಲಯದ ಶಿಲ್ಪವನ್ನು ಒಂದೆಡೆ ನಿಂತು ಕಣ್ತುಂಬ ನೋಡಬಹುದು. ಹಂಪೆ ಹಾಗಲ್ಲ. ಗುಡ್ಡ, ಬಂಡೆ, ಹೊಳೆ, ಗದ್ದೆ, ಗುಡಿ, ಕೋಟೆಗಳ ನಡುವೆ ಮೈಲಿಗಟ್ಟಲೆ ಹರಡಿಕೊಂಡಿರುವ ಆ ಊರನ್ನು ನಡೆದೇ ನೋಡಬೇಕು. ಗಾದೆ ಕಟ್ಟಿದವರು ಹೇಳಿದ್ದು ಇಷ್ಟೆ. ಆದರೆ ಕಳೆದ ಮೂರು ದಶಕಗಳಲ್ಲಿ ಹಂಪೆಯ ಸುತ್ತ ನಡೆದ ವಿವಾದಗಳನ್ನೆಲ್ಲ ಒಟ್ಟಿಗೆ ಇಟ್ಟು ನೋಡಿದರೆ, ಸೇತುವೆ, ರಸ್ತೆ, ಅಂಗಡಿ, ವಸತಿಗೃಹ ಎಲ್ಲದರ ಹಿಂದೆಯೂ ಇರುವುದು ಅದೇ ಪ್ರಶ್ನೆ. ಹಂಪೆಗೆ ಬರುವವರು ಹೇಗೆ ಬರಬೇಕು, ಎಲ್ಲಿ ಉಳಿಯಬೇಕು, ಅವರಿಂದ ಬರುವ ಹಣ ಯಾರ ಕೈ ಸೇರಬೇಕು?

ಪ್ರವಾಸೋದ್ಯಮಕ್ಕೆ ಒಂದು ವಿಚಿತ್ರ ಗುಣವಿದೆ. ತಾನು ಮಾರುವ ಸರಕನ್ನು ಅದು ತಯಾರಿಸುವುದಿಲ್ಲ. ನದಿ, ಬೆಟ್ಟ, ಗುಡಿ, ಜಾತ್ರೆ, ಊರಿನ ಜನರ ನಡೆನುಡಿ ಇವೆಲ್ಲ ಬೇರೆ ಯಾರೋ ಉಳಿಸಿಕೊಂಡು ಬಂದವು. ಉದ್ಯಮ ಅದರ ಮೇಲೆ ಬದುಕುತ್ತದೆ. ಬದುಕುವ ಭರದಲ್ಲಿ ಅದನ್ನೇ ಸವೆಸಿಬಿಟ್ಟರೆ ಉದ್ಯಮಕ್ಕೂ ಉಳಿಗಾಲವಿಲ್ಲ. 1987ರಲ್ಲಿ ವಿಶ್ವಸಂಸ್ಥೆಯ ಬ್ರುಂಟ್‌ಲಾಂಡ್ ಆಯೋಗ ತನ್ನ ವರದಿಯಲ್ಲಿ ‘ಸುಸ್ಥಿರ ಅಭಿವೃದ್ಧಿ’ ಎಂಬ ಮಾತಿಗೆ ಅರ್ಥ ಹೇಳಿತು. ಇಂದಿನವರ ಅಗತ್ಯ ಪೂರೈಸುವಾಗ ಮುಂದಿನವರ ಅಗತ್ಯಕ್ಕೆ ಕುಂದು ಬಾರದಿರಬೇಕು ಎಂಬುದು ಅದರ ಸಾರ. ಈ ಮಾತನ್ನು ಮುಂದೆ ಪ್ರವಾಸೋದ್ಯಮಕ್ಕೂ ಅನ್ವಯಿಸಲಾಯಿತು. ವಿಶ್ವಸಂಸ್ಥೆ 2017ನ್ನು ಸುಸ್ಥಿರ ಪ್ರವಾಸೋದ್ಯಮದ ಅಂತರರಾಷ್ಟ್ರೀಯ ವರ್ಷವೆಂದು ಆಚರಿಸಿತು. ಮಾತು ಸರಳವಾಗಿದೆ. ಅದನ್ನು ಒಂದು ಊರಿನ ಮಣ್ಣಿನಲ್ಲಿ ನಡೆಸುವುದು ಎಷ್ಟು ಕಷ್ಟ ಎಂಬುದಕ್ಕೆ ಹಂಪೆಗಿಂತ ಒಳ್ಳೆಯ ಪಾಠ ಕರ್ನಾಟಕದಲ್ಲಿ ಇನ್ನೊಂದಿಲ್ಲ.

ಯಾತ್ರಿಕರ ಊರು

ಹಂಪೆಗೆ ಹೊರಗಿನವರು ಬರುವುದು ಹೊಸದೇನಲ್ಲ. 1336ರಲ್ಲಿ ವಿಜಯನಗರ ಸ್ಥಾಪನೆಯಾಗುವುದಕ್ಕೆ ಶತಮಾನಗಳ ಮೊದಲೇ ಅದು ಪಂಪಾಕ್ಷೇತ್ರವಾಗಿತ್ತು. ಹೇಮಕೂಟದ ಮೇಲಿನ ಹಲವು ಗುಡಿಗಳು ಸಾಮ್ರಾಜ್ಯಕ್ಕಿಂತ ಹಳೆಯವು. ರಗಳೆಗಳ ಕವಿ ಹರಿಹರ ಪಂಪಾ ವಿರೂಪಾಕ್ಷನ ಭಕ್ತ. ಹೊಳೆಯಲ್ಲಿ ಮಿಂದು, ವಿರೂಪಾಕ್ಷನಿಗೆ ಕೈಮುಗಿದು, ಮಂಟಪದಲ್ಲಿ ಬುತ್ತಿ ಬಿಚ್ಚಿ ಉಂಡು, ಮರುದಿನ ಊರಿಗೆ ಹೊರಡುವ ಯಾತ್ರಿಕರೇ ಇಲ್ಲಿನ ಮೊದಲ ಪ್ರವಾಸಿಗರು.

ವಿಜಯನಗರದ ಅರಸರು ಕಟ್ಟಿದ ನಗರವೂ ಬಂದುಹೋಗುವವರನ್ನು ಗಮನದಲ್ಲಿಟ್ಟುಕೊಂಡೇ ಬೆಳೆಯಿತು. ದೊಡ್ಡ ದೇವಾಲಯಗಳ ಮುಂದೆಲ್ಲ ಉದ್ದನೆಯ ಬೀದಿ, ಬೀದಿಯ ಎರಡೂ ಬದಿಗೆ ಕಲ್ಲುಕಂಬದ ಸಾಲುಮಂಟಪ. ವಿರೂಪಾಕ್ಷ ಬಜಾರ, ಕೃಷ್ಣ ಬಜಾರ, ಅಚ್ಯುತರಾಯ ದೇವಾಲಯದ ಮುಂದಿನ ಬೀದಿ, ವಿಠ್ಠಲ ದೇವಾಲಯದ ಬೀದಿ ಇವೆಲ್ಲ ಏಕಕಾಲಕ್ಕೆ ತೇರು ಎಳೆಯುವ ದಾರಿಯೂ ಹೌದು, ಸಂತೆ ನಡೆಯುವ ಪೇಟೆಯೂ ಹೌದು, ಯಾತ್ರಿಕರು ತಂಗುವ ನೆರಳೂ ಹೌದು. 1443ರಲ್ಲಿ ಬಂದ ಪಾರಸೀಕ ರಾಯಭಾರಿ ಅಬ್ದುಲ್ ರಜಾಕ್ ಇಲ್ಲಿನ ಪೇಟೆಗಳನ್ನು ಕಂಡು ಬೆರಗಾದ. ಸುಮಾರು 1520ರಲ್ಲಿ ಬಂದ ಪೋರ್ಚುಗೀಸ್ ಡೊಮಿಂಗೊ ಪಾಯೆಸ್ ಈ ನಗರವನ್ನು ವಿಸ್ತಾರದಲ್ಲಿ ರೋಮಿಗೆ ಹೋಲಿಸಿದ.

ಪಾಯೆಸನ ಬರಹದಲ್ಲಿ ಒಂದು ಸಣ್ಣ ವಿವರವಿದೆ. ಆನೆಗೊಂದಿಗೆ ಹೊಳೆ ದಾಟುವ ದೋಣಿಗಳು ಬುಟ್ಟಿಯಂತೆ ದುಂಡಗಿದ್ದವು. ಒಳಗೆ ಬೆತ್ತದ ಹೆಣಿಗೆ, ಹೊರಗೆ ತೊಗಲಿನ ಹೊದಿಕೆ. ಹದಿನೈದು ಇಪ್ಪತ್ತು ಜನ ಕೂರಬಹುದಾದ ಅವು ನೇರವಾಗಿ ಸಾಗದೆ ಗಿರಗಿರನೆ ತಿರುಗುತ್ತ ಹೋಗುತ್ತಿದ್ದವು ಎಂದು ಆತ ಬರೆದಿದ್ದಾನೆ. ಹರಗೋಲನ್ನು ಕಂಡವರಿಗೆ ಇದು ಎಲ್ಲೋ ಓದಿದ ಹಳೆಯ ಕಥೆ ಎನಿಸುವುದಿಲ್ಲ. ಐನೂರು ವರ್ಷಗಳ ನಂತರವೂ ತುಂಗಭದ್ರೆಯಲ್ಲಿ ಅದೇ ದುಂಡು ದೋಣಿ ಪ್ರವಾಸಿಗರನ್ನು ಕೂರಿಸಿಕೊಂಡು ತಿರುಗುತ್ತಿದೆ.

ಹಾಳೂರು ಪ್ರೇಕ್ಷಣೀಯವಾದದ್ದು

1565ರ ಯುದ್ಧದ ನಂತರ ರಾಜಧಾನಿ ಬರಿದಾಯಿತು. ಆದರೆ ವಿರೂಪಾಕ್ಷನ ಪೂಜೆ, ಚೈತ್ರದ ತೇರು ಮುಂದುವರಿದು ಬಂದವು. ಹಂಪೆ ‘ಹಾಳು ಹಂಪೆ’ ಎನಿಸಿಕೊಂಡಿದ್ದು ಅರಮನೆ-ಕೋಟೆಗಳ ಮಟ್ಟಿಗೆ ಮಾತ್ರ.

ಈ ಹಾಳನ್ನೇ ನೋಡಲು ಬರುವ ಹೊಸ ಬಗೆಯ ಜನ ಕಾಣಿಸಿಕೊಂಡದ್ದು ಹತ್ತೊಂಬತ್ತನೆಯ ಶತಮಾನದಲ್ಲಿ. ಟಿಪ್ಪುವಿನ ಪತನದ ಸುಮಾರಿಗೆ ಕಾಲಿನ್ ಮೆಕೆಂಜಿ ಇಲ್ಲಿನ ಅವಶೇಷಗಳ ಮೊದಲ ನಕ್ಷೆ ತಯಾರಿಸಿದ. 1856ರಲ್ಲಿ ಅಲೆಕ್ಸಾಂಡರ್ ಗ್ರೀನ್‌ಲಾ ಎಂಬ ಸೇನಾಧಿಕಾರಿ ಭಾರವಾದ ಕ್ಯಾಮರಾ ಹೊತ್ತು ತಂದು ಕಾಗದದ ನೆಗೆಟಿವ್‌ಗಳ ಮೇಲೆ ಹಂಪೆಯ ಚಿತ್ರ ತೆಗೆದ. ವಿಠ್ಠಲ ದೇವಾಲಯದ ಕಲ್ಲಿನ ರಥದ ಮೇಲೆ ಇಟ್ಟಿಗೆಯ ಗೋಪುರವೊಂದಿತ್ತು ಎಂಬುದು ಇಂದು ತಿಳಿಯುವುದು ಆ ಚಿತ್ರಗಳಿಂದ. ಐವತ್ತು ರೂಪಾಯಿ ನೋಟಿನ ಹಿಂಬದಿಯಲ್ಲಿ ಅಚ್ಚಾಗಿರುವುದು ಗೋಪುರ ಕಳೆದುಕೊಂಡ ರಥ. ಕಲ್ಲು ಶಾಶ್ವತವೆಂದು ನಂಬುವವರು ಈ ಎರಡು ಚಿತ್ರಗಳನ್ನು ಪಕ್ಕಪಕ್ಕದಲ್ಲಿಟ್ಟು ನೋಡಬೇಕು.

1900ರಲ್ಲಿ ರಾಬರ್ಟ್ ಸಿವೆಲ್ ಪಾಯೆಸ್ ಮತ್ತು ನೂನಿಜರ ಬರಹಗಳ ಅನುವಾದವನ್ನು ಸೇರಿಸಿ ವಿಜಯನಗರದ ಇತಿಹಾಸ ಪ್ರಕಟಿಸಿದ. 1917ರಲ್ಲಿ ಲಾಂಗ್‌ಹರ್ಸ್ಟ್ ಹಂಪೆಯ ಅವಶೇಷಗಳ ಬಗ್ಗೆ ಪ್ರವಾಸಿಗರಿಗೂ ಉಪಯುಕ್ತವಾದ ಕೈಪಿಡಿ ಬರೆದ. ಹೊಸಪೇಟೆಗೆ ರೈಲು ಬಂದಿತ್ತು. ಹೀಗೆ ಯಾತ್ರೆಯ ಪಕ್ಕದಲ್ಲಿ ಪ್ರವಾಸ ಎಂಬ ಇನ್ನೊಂದು ವ್ಯವಹಾರ ಹುಟ್ಟಿಕೊಂಡಿತು. ಯಾತ್ರಿಕನಿಗೆ ದೇವರು ಮುಖ್ಯ, ಗುಡಿಯ ಕಂಬದ ಕಾಲ ಯಾವುದೆಂಬ ಚಿಂತೆಯಿಲ್ಲ. ಪ್ರವಾಸಿಗನಿಗೆ ಕಂಬವೇ ಮುಖ್ಯ, ಅದರ ನೆರಳಿನಲ್ಲಿ ಒಲೆ ಹೂಡಿದವರು ಅಡ್ಡಿಯೆನಿಸುತ್ತಾರೆ. ಮುಂದಿನ ಜಗಳಗಳ ಬೀಜ ಇಲ್ಲಿದೆ.

1970ರ ದಶಕದ ನಡುವಿನಿಂದ ಕೇಂದ್ರ ಮತ್ತು ರಾಜ್ಯ ಪುರಾತತ್ವ ಇಲಾಖೆಗಳು ದೊಡ್ಡ ಪ್ರಮಾಣದಲ್ಲಿ ಉತ್ಖನನ ಕೈಗೊಂಡವು. 1980ರಿಂದ ಜಾನ್ ಫ್ರಿಟ್ಜ್ ಮತ್ತು ಜಾರ್ಜ್ ಮಿಷೆಲ್ ಅವರ ತಂಡ ಅವಶೇಷಗಳನ್ನು ಒಂದೊಂದಾಗಿ ಅಳೆದು ದಾಖಲಿಸಿತು. 1986ರಲ್ಲಿ ಯುನೆಸ್ಕೊ ಹಂಪೆಯ ಸ್ಮಾರಕ ಸಮೂಹವನ್ನು ವಿಶ್ವ ಪರಂಪರೆಯ ಪಟ್ಟಿಗೆ ಸೇರಿಸಿತು.

ಸೇತುವೆ ತಂದ ಸಂಕಟ

ಪಟ್ಟಿಗೆ ಸೇರಿದ ಊರಿಗೆ ಜನ ಹೆಚ್ಚು ಬರುತ್ತಾರೆ. ಜನ ಹೆಚ್ಚಾದಂತೆ ಪಟ್ಟಿಗೆ ಸೇರಿಸಿದ ಕಾರಣವೇ ಸವೆಯತೊಡಗುತ್ತದೆ. ಹಂಪೆಯಲ್ಲಿ ಇದು ಹದಿಮೂರೇ ವರ್ಷಗಳಲ್ಲಿ ನಡೆದುಹೋಯಿತು. ಆನೆಗೊಂದಿ ಮತ್ತು ತಳವಾರಘಟ್ಟದ ನಡುವೆ ವಾಹನ ಓಡಾಡುವ ತೂಗುಸೇತುವೆ, ವಿರೂಪಾಪುರ ಗಡ್ಡೆಯ ಕಡೆಗೆ ಕಾಲ್ಸೇತುವೆ ಕಟ್ಟುವ ಕೆಲಸ ಆರಂಭವಾಗಿತ್ತು. ಇವು ಪಾರಂಪರಿಕ ನೆಲದ ರೂಪವನ್ನೇ ಕೆಡಿಸುತ್ತವೆ, ಲಾರಿ-ಬಸ್ಸುಗಳನ್ನು ಸ್ಮಾರಕಗಳ ನಡುವೆಯೇ ಹಾಯಿಸುತ್ತವೆ ಎಂಬ ಕಾರಣಕ್ಕೆ ಯುನೆಸ್ಕೊ 1999ರಲ್ಲಿ ಹಂಪೆಯನ್ನು ‘ಅಪಾಯದಲ್ಲಿರುವ ಪರಂಪರೆ’ಯ ಪಟ್ಟಿಗೆ ಸೇರಿಸಿತು.

ಸೇತುವೆ ಬೇಕೆಂದವರು ಕೇಡಿಗರೇನೂ ಅಲ್ಲ. ಆನೆಗೊಂದಿಯ ಕಡೆಯವರಿಗೆ ಹೊಸಪೇಟೆಯ ಆಸ್ಪತ್ರೆ, ಶಾಲೆ, ಮಾರುಕಟ್ಟೆ ಎಲ್ಲವೂ ಹೊಳೆಯಾಚೆ. ಮಳೆಗಾಲದಲ್ಲಿ ಹೊಳೆ ತುಂಬಿದರೆ ಹರಗೋಲು ನಿಲ್ಲುತ್ತದೆ. ಗಂಗಾವತಿಯನ್ನು ಸುತ್ತಿ ಹೋಗಬೇಕು. ವಿಜಯನಗರದ ಕಾಲದಲ್ಲೂ ಇಲ್ಲೊಂದು ಸೇತುವೆಯಿತ್ತು. ಅದರ ಕಲ್ಲುಕಂಬಗಳು ವಿಠ್ಠಲ ದೇವಾಲಯದ ಬಳಿ ಹೊಳೆಯಲ್ಲಿ ಇಂದಿಗೂ ನಿಂತಿವೆ. ಹಳೆಯ ಸೇತುವೆಯ ಕಂಬಕ್ಕೆ ರಕ್ಷಣೆಯಿದೆ, ತಮಗೆ ಮಾತ್ರ ಸೇತುವೆಯಿಲ್ಲ ಎಂದು ಅಲ್ಲಿನ ಜನರಿಗೆ ಅನ್ನಿಸಿದ್ದರೆ ಅದು ಸಹಜ.

ಒತ್ತಡಕ್ಕೆ ಮಣಿದು ರಾಜ್ಯ ಸರ್ಕಾರ 2002ರಲ್ಲಿ ಹಂಪೆ ವಿಶ್ವ ಪರಂಪರೆ ಪ್ರದೇಶ ನಿರ್ವಹಣಾ ಪ್ರಾಧಿಕಾರದ ಕಾಯ್ದೆ ತಂದಿತು. ಸ್ಮಾರಕ, ಹಳ್ಳಿ, ಹೊಲ, ಹೊಳೆ ಸೇರಿದ ಸುಮಾರು 236 ಚದರ ಕಿಲೋಮೀಟರ್ ಪ್ರದೇಶ ಒಂದು ಆಡಳಿತದ ಅಡಿಗೆ ಬಂತು. ಹಂಪೆ ಎಂದರೆ ಬಿಡಿಬಿಡಿ ಸ್ಮಾರಕಗಳ ಗುಂಪಲ್ಲ, ಜನಜೀವನವೂ ಸೇರಿದ ಇಡೀ ಭೂದೃಶ್ಯ ಎಂಬ ತಿಳಿವಳಿಕೆಯ ಮೇಲೆ ಸಮಗ್ರ ನಿರ್ವಹಣಾ ಯೋಜನೆಯೊಂದು ಸಿದ್ಧವಾಯಿತು. 2006ರಲ್ಲಿ ಹಂಪೆ ಅಪಾಯದ ಪಟ್ಟಿಯಿಂದ ಹೊರಬಂತು.

ವರ್ಷಗಟ್ಟಲೆ ನಿಂತಿದ್ದ ಆನೆಗೊಂದಿ ಸೇತುವೆಯ ಕೆಲಸ ಮತ್ತೆ ಶುರುವಾಯಿತು. 2009ರ ಜನವರಿಯಲ್ಲಿ, ಮುಗಿಯುವ ಮುನ್ನವೇ, ಸೇತುವೆ ಕುಸಿದು ಬಿತ್ತು. ಹಲವು ಕಾರ್ಮಿಕರು ಜೀವ ಕಳೆದುಕೊಂಡರು. ಪರಂಪರೆ ಉಳಿಸಬೇಕೆಂದವರು, ಸೇತುವೆ ಬೇಕೆಂದವರು ಇಬ್ಬರೂ ವಾದ ಮಾಡುತ್ತಿದ್ದಾಗ ಅದರ ಬೆಲೆ ತೆತ್ತವರು ಈ ವಾದದಲ್ಲಿ ಇಲ್ಲದವರು. ಮುಂದೆ ಹೊಳೆಯ ಕೆಳಭಾಗದಲ್ಲಿ, ಸ್ಮಾರಕಗಳಿಂದ ದೂರದಲ್ಲಿ, ಬುಕ್ಕಸಾಗರ-ಕಡೇಬಾಗಿಲು ನಡುವೆ ಸೇತುವೆಯಾಯಿತು. ಮೊದಲೇ ಅಂಥ ಜಾಗ ಹುಡುಕಿದ್ದರೆ ಹತ್ತು ವರ್ಷಗಳ ಜಗಳವೂ ಜೀವಹಾನಿಯೂ ತಪ್ಪುತ್ತಿದ್ದವು.

ಬಜಾರದ ಪ್ರಶ್ನೆ

ಇದಕ್ಕಿಂತ ನೋವಿನ ಅಧ್ಯಾಯ ವಿರೂಪಾಕ್ಷ ಬಜಾರದ್ದು. ದೇವಾಲಯದ ಮಹಾಗೋಪುರದಿಂದ ಎದುರು ಬಸವಣ್ಣನವರೆಗೆ ಚಾಚಿದ ಈ ತೇರುಬೀದಿಯ ಸಾಲುಮಂಟಪಗಳಲ್ಲಿ ದಶಕಗಳಿಂದ ಕುಟುಂಬಗಳು ನೆಲೆಸಿದ್ದವು. ಕಂಬಗಳ ನಡುವೆ ಗೋಡೆ ಎಬ್ಬಿಸಿ ಮನೆ ಮಾಡಿಕೊಂಡಿದ್ದರು. ಮೊದಲು ಯಾತ್ರಿಕರಿಗೆ ಕಾಯಿ-ಕರ್ಪೂರ ಮಾರುತ್ತಿದ್ದವರು, ಪ್ರವಾಸಿಗರು ಹೆಚ್ಚಿದಂತೆ ಹೋಟೆಲು, ಪುಸ್ತಕದಂಗಡಿ, ಬಟ್ಟೆಯಂಗಡಿ, ಬಾಡಿಗೆ ಸೈಕಲ್ಲಿನ ವ್ಯಾಪಾರಕ್ಕೆ ಇಳಿದರು. ಮಹಡಿ ಎದ್ದವು, ಫಲಕಗಳು ತೂಗಿದವು, ಕಂಬಗಳಿಗೆ ಮೊಳೆ ಬಿತ್ತು. ಹದಿನಾರನೆಯ ಶತಮಾನದ ಮಂಟಪ ಯಾವುದು, ಮೊನ್ನೆ ಕಟ್ಟಿದ ಗೋಡೆ ಯಾವುದು ಎಂದು ಗುರುತಿಸುವುದೇ ಕಷ್ಟವಾಯಿತು.

ಹೈಕೋರ್ಟಿನಲ್ಲಿದ್ದ ಪ್ರಕರಣದ ಹಿನ್ನೆಲೆಯಲ್ಲಿ 2011ರ ಜುಲೈ 29ರಂದು ಬುಲ್ಡೋಜರುಗಳು ಬಜಾರಿಗೆ ಬಂದವು. ತೀರ ಕಡಿಮೆ ಅವಧಿಯ ಸೂಚನೆಯ ಮೇಲೆ ಮಂಟಪಗಳನ್ನು ತೆರವು ಮಾಡಲಾಯಿತು. ನೂರಾರು ಕುಟುಂಬಗಳು ನೆಲೆ ಕಳೆದುಕೊಂಡವು. ಕಡ್ಡಿರಾಂಪುರದ ಬಳಿ ನಿವೇಶನ ಕೊಡುವ ಏರ್ಪಾಡಾಯಿತಾದರೂ, ಗುಡಿಯ ಮುಂದೆ ಅಂಗಡಿ ಇಟ್ಟು ಬದುಕುತ್ತಿದ್ದವರಿಗೆ ಗುಡಿಯಿಂದ ದೂರದ ನಿವೇಶನ ಜೀವನೋಪಾಯ ಆಗಲಾರದು.

ಎರಡೂ ಪಕ್ಷದ ವಾದಗಳಲ್ಲಿ ಹುರುಳಿದೆ. ರಕ್ಷಿತ ಸ್ಮಾರಕದೊಳಗೆ ಮನೆ ಕಟ್ಟಲು ಯಾವ ಕಾನೂನೂ ಒಪ್ಪುವುದಿಲ್ಲ. ಕೇಂದ್ರ ರಕ್ಷಿತ ಸ್ಮಾರಕದ ಸುತ್ತ ನೂರು ಮೀಟರ್ ನಿಷೇಧಿತ, ಅದರಾಚೆ ಇನ್ನೂ ಇನ್ನೂರು ಮೀಟರ್ ನಿಯಂತ್ರಿತ ಪ್ರದೇಶವೆಂಬುದು ನಿಯಮ. ಒಬ್ಬರಿಗೆ ಬಿಟ್ಟರೆ ಎಲ್ಲರಿಗೂ ಬಿಡಬೇಕಾಗುತ್ತದೆ. ಇನ್ನೊಂದೆಡೆ, ಆ ಮಂಟಪಗಳನ್ನು ಕಟ್ಟಿಸಿದ್ದು ಪೇಟೆಗಾಗಿ. ವ್ಯಾಪಾರ ನಡೆಯಲೆಂದು ಕಟ್ಟಿದ ಬೀದಿಯಲ್ಲಿ ವ್ಯಾಪಾರ ಮಾಡುವವರನ್ನೇ ಪರಂಪರೆಯ ಹೆಸರಿನಲ್ಲಿ ಹೊರಹಾಕಿದರೆ ಉಳಿಯುವ ಪರಂಪರೆ ಯಾವುದು? ಕಟ್ಟಡ ಉಳಿದು ಅದರ ಉದ್ದೇಶ ಅಳಿದುಹೋಯಿತಲ್ಲವೆ? ಹಂಪೆಯನ್ನು ಜನಜೀವನ ಸೇರಿದ ಭೂದೃಶ್ಯವೆಂದು ಒಪ್ಪಿಕೊಂಡ ಐದು ವರ್ಷಕ್ಕೇ ಈ ತೆರವು ನಡೆದದ್ದು ಗಮನಿಸಬೇಕಾದ ಸಂಗತಿ.

ಅಂಗಡಿ ಇರಲಿ, ಅಡುಗೆಮನೆ ಬೇಡ. ಮಂಟಪದ ಕಂಬ ಮುಟ್ಟದಂತೆ ಹಗಲು ವ್ಯಾಪಾರ ಇರಲಿ, ಸಂಜೆಗೆ ತೆರವಾಗಲಿ ಎಂಬಂಥ ನಡುದಾರಿಗೆ ಅವಕಾಶವಿತ್ತು. ಅದಕ್ಕೆ ಬೇಕಾದದ್ದು ದಿನನಿತ್ಯದ ಉಸ್ತುವಾರಿ. ವರ್ಷಗಟ್ಟಲೆ ಕಣ್ಣುಮುಚ್ಚಿ ಕುಳಿತು, ಕೊನೆಗೊಂದು ದಿನ ಯಂತ್ರ ಕಳಿಸುವುದು ಆಡಳಿತಕ್ಕೆ ಸುಲಭವಾಗಿ ಕಂಡಿರಬೇಕು.

ಹೊಳೆಯಾಚೆಯ ಗಡ್ಡೆ

ಬಜಾರದ ಎದುರು ದಂಡೆಯ ವಿರೂಪಾಪುರ ಗಡ್ಡೆಯ ಕಥೆ ಬೇರೆ ಬಗೆಯದು. ಗದ್ದೆಗಳ ನಡುವೆ ಮೊದಲು ನಾಲ್ಕಾರು ಗುಡಿಸಲು, ಆಮೇಲೆ ಸಾಲುಸಾಲು ರೆಸಾರ್ಟುಗಳು ಎದ್ದವು. ಗೋವೆಯ ಕಡೆಯಿಂದ ಬರುವ ವಿದೇಶಿ ಯುವಕರಿಗೆ ಅದು ಅಚ್ಚುಮೆಚ್ಚಿನ ತಾಣವಾಯಿತು. ಇಲ್ಲಿದ್ದದ್ದು ಕೃಷಿಭೂಮಿ, ರಾಜ್ಯ ಸರ್ಕಾರದ 1988ರ ಅಧಿಸೂಚನೆಯಂತೆ ರಕ್ಷಿತ ಪ್ರದೇಶ. ಪ್ರಕರಣ ಹೈಕೋರ್ಟಿನಿಂದ ಸುಪ್ರೀಂ ಕೋರ್ಟಿಗೆ ಹೋಗಿ, 2020ರ ಫೆಬ್ರವರಿಯಲ್ಲಿ ತೆರವಿನ ಆದೇಶ ಕಾಯಂ ಆಯಿತು. ಮಾರ್ಚ್ ತಿಂಗಳಲ್ಲಿ ಕಟ್ಟಡಗಳು ನೆಲಸಮವಾದವು.

ಆದರೆ ಬರುವವರು ನಿಲ್ಲಲಿಲ್ಲ. 2019ರಲ್ಲಿ ‘ನ್ಯೂಯಾರ್ಕ್ ಟೈಮ್ಸ್’ ಪತ್ರಿಕೆ ಆ ವರ್ಷ ನೋಡಬೇಕಾದ ಜಗತ್ತಿನ 52 ಸ್ಥಳಗಳಲ್ಲಿ ಹಂಪೆಗೆ ಎರಡನೆಯ ಸ್ಥಾನ ಕೊಟ್ಟಿತ್ತು. ಕೊರೊನಾ ಕಳೆದ ಮೇಲೆ ಜನ ಮತ್ತೆ ಬಂದರು. ಗಡ್ಡೆಯಲ್ಲಿ ಮುಚ್ಚಿದ ವ್ಯಾಪಾರ ಸಣಾಪುರ, ಹನುಮನಹಳ್ಳಿ, ಆನೆಗೊಂದಿಗಳ ಕಡೆ ತಲೆಯೆತ್ತಿತು. ಇಲ್ಲಿ ಒತ್ತಿದರೆ ಅಲ್ಲಿ ಉಬ್ಬುವ ಈ ಉದ್ಯಮವನ್ನು ತೆರವಿನಿಂದ ಮಾತ್ರ ಹದ್ದಿನಲ್ಲಿಡಲಾಗದು. ಎಲ್ಲಿ ಕಟ್ಟಬಾರದು ಎಂಬುದರ ಜೊತೆಗೆ ಎಲ್ಲಿ, ಎಷ್ಟು, ಯಾರು ಕಟ್ಟಬಹುದು ಎಂಬುದನ್ನೂ ಮೊದಲೇ ಹೇಳಬೇಕಾಗುತ್ತದೆ.

ಸಣ್ಣ ಪ್ರಯೋಗಗಳು

ಹಂಪೆಯ ಪರಿಸರದಲ್ಲಿ ಫಲ ಕೊಟ್ಟ ಕೆಲಸಗಳೂ ಇವೆ. ಅವು ಸದ್ದು ಮಾಡದ ಕೆಲಸಗಳಾದ್ದರಿಂದ ಸುದ್ದಿಯಾಗುವುದು ಕಡಿಮೆ.

ಆನೆಗೊಂದಿಯಲ್ಲಿ 1997ರಲ್ಲಿ ಆರಂಭವಾದ ಕಿಷ್ಕಿಂಧಾ ಟ್ರಸ್ಟ್ ಬಾಳೆನಾರಿನ ಕರಕುಶಲ ಕೆಲಸಕ್ಕೆ ಹಳ್ಳಿಯ ಹೆಂಗಸರನ್ನು ಅಣಿಗೊಳಿಸಿತು. ಗೊನೆ ಕಡಿದ ಮೇಲೆ ಗದ್ದೆಯಲ್ಲಿ ಕೊಳೆಯಲು ಬಿಡುತ್ತಿದ್ದ ಬಾಳೆಯ ಪಟ್ಟೆಯಿಂದ ನಾರು ತೆಗೆದು ಹೊಸೆದು ಚೀಲ, ಬುಟ್ಟಿ, ಚಾಪೆ ಮಾಡುವುದು ಅದರ ಕಸುಬು. ಊರಿನ ಹಳೆಯ ಮನೆಗಳನ್ನು ಕೆಡವದೆ ದುರಸ್ತಿ ಮಾಡಿ ಪ್ರವಾಸಿಗರ ವಸತಿಗೆ ಒದಗಿಸುವ ಪ್ರಯತ್ನವೂ ಅಲ್ಲಿ ನಡೆಯಿತು. ಕಾಂಕ್ರೀಟಿನ ವಸತಿಗೃಹಕ್ಕೆ ಹೋಗುವ ಹಣ ಹೀಗೆ ಹಳ್ಳಿಯಲ್ಲೇ ಉಳಿಯುತ್ತದೆ. ಹಳೆಯ ಮನೆಯಿಂದ ಆದಾಯವಿದ್ದಾಗ ಅದನ್ನು ಕೆಡವುವ ಅವಸರವೂ ತಗ್ಗುತ್ತದೆ.

ವಿಠ್ಠಲ ದೇವಾಲಯಕ್ಕೆ ಹೋಗುವವರ ವಾಹನಗಳನ್ನು ಗೆಜ್ಜಲ ಮಂಟಪದ ಬಳಿ ತಡೆದು, ಅಲ್ಲಿಂದ ಮುಂದೆ ಬ್ಯಾಟರಿ ಚಾಲಿತ ಗಾಡಿಗಳನ್ನು ಬಿಟ್ಟದ್ದು ಇನ್ನೊಂದು ಒಳ್ಳೆಯ ಕ್ರಮ. ಹೊಗೆಯೂ ಅದುರುವಿಕೆಯೂ ಸ್ಮಾರಕದಿಂದ ದೂರವಾದವು. ಈ ಗಾಡಿಗಳನ್ನು ಓಡಿಸಲು ಸುತ್ತಲಿನ ಊರುಗಳ ಹೆಣ್ಣುಮಕ್ಕಳಿಗೆ ಕೆಲಸ ಸಿಕ್ಕಿತು. ಸಂಗೀತ ಕಂಬಗಳನ್ನು ಬಡಿದು ನೋಡುವ ಪ್ರವಾಸಿಗರ ಹುಚ್ಚಿಗೆ ತಡೆ ಬಿತ್ತು. ಕಲ್ಲಿನ ರಥದ ಸುತ್ತ ಬೇಲಿ ಬಂತು.

ಬೇಲಿಯೊಂದೇ ಸಾಲದು ಎಂಬುದಕ್ಕೆ 2019ರ ಘಟನೆ ಸಾಕ್ಷಿ. ದೇವಾಲಯದ ಆವರಣವೊಂದರಲ್ಲಿ ಕಂಬಗಳನ್ನು ದೂಡಿ ಬೀಳಿಸುತ್ತಿದ್ದ ಯುವಕರ ವಿಡಿಯೊ ದೇಶದಾದ್ಯಂತ ಹರಿದಾಡಿತು. ಅವರನ್ನು ಬಂಧಿಸಿದಾಗ ನ್ಯಾಯಾಲಯ ದಂಡ ಹಾಕಿದ್ದಲ್ಲದೆ, ಬಿದ್ದ ಕಂಬಗಳನ್ನು ಅವರ ಕೈಯಿಂದಲೇ ಎತ್ತಿ ನಿಲ್ಲಿಸಲು ಆದೇಶಿಸಿತು. ಕ್ಷಣದಲ್ಲಿ ಬೀಳಿಸಿದ್ದನ್ನು ಎತ್ತಿ ನಿಲ್ಲಿಸಲು ಬೇಕಾದ ಶ್ರಮ ಎಷ್ಟೆಂಬುದು ಅವರಿಗೆ ಅಂದು ಮನದಟ್ಟಾಗಿರಬೇಕು.

ಬಳಸಿದ್ದು ಉಳಿಯಿತು

ಹಂಪೆಯಲ್ಲಿ ವಿಜಯನಗರದ ಕಾಲದಿಂದ ಇಂದಿನವರೆಗೆ ಕೆಲಸ ಮಾಡುತ್ತಿರುವುದು ಯಾವುದು ಎಂದು ಕೇಳಿಕೊಂಡರೆ ಉತ್ತರ ಕುತೂಹಲಕರವಾಗಿದೆ. ಅರಮನೆಗಳ ತಳಪಾಯ ಮಾತ್ರ ಉಳಿದಿದೆ. ವಿಠ್ಠಲನ ಗುಡಿಯಲ್ಲಿ ಪೂಜೆಯಿಲ್ಲ. ವಿರೂಪಾಕ್ಷನ ಗುಡಿಯಲ್ಲಿ ದೀಪ ಆರಿಲ್ಲ, ಹರಗೋಲು ಹೊಳೆಯಲ್ಲಿದೆ, ಎಲ್ಲಕ್ಕಿಂತ ಮುಖ್ಯವಾಗಿ, ಅರಸರ ಕಾಲದ ಕಾಲುವೆಗಳಲ್ಲಿ ಇಂದಿಗೂ ನೀರು ಹರಿಯುತ್ತಿದೆ. ತುರ್ತಾ ಕಾಲುವೆ ಗುಡ್ಡಗಳ ನಡುವಿನ ಕಣಿವೆಯಲ್ಲಿ ಭತ್ತ, ಬಾಳೆ, ಕಬ್ಬಿಗೆ ನೀರುಣಿಸುತ್ತದೆ. ಪ್ರವಾಸಿಗರ ಕ್ಯಾಮರಾಗಳಲ್ಲಿ ಬೂದುಬಣ್ಣದ ಬಂಡೆಗಳ ನಡುವೆ ಕಾಣುವ ಹಸಿರು ಈ ಕಾಲುವೆಯ ಕೊಡುಗೆ. ಅದನ್ನು ಕಾಯ್ದುಕೊಂಡು ಬಂದವರು ವರ್ಷವರ್ಷ ಹೂಳೆತ್ತಿ, ಒಡೆದ ಕಡೆ ಮಣ್ಣು ಹಾಕಿ, ಸರದಿಯಂತೆ ನೀರು ಕಟ್ಟಿಕೊಂಡ ರೈತರು. ಅವರು ಅದನ್ನು ಪರಂಪರೆ ಎಂದು ಕರೆಯಲಿಲ್ಲ, ಕಾಲುವೆ ಎಂದಷ್ಟೇ ಕರೆದರು.

ಉಳಿದವೆಲ್ಲ ಉಳಿದದ್ದು ಯಾರಿಗೋ ದಿನವೂ ಬೇಕಾಗಿದ್ದವು ಎಂಬ ಕಾರಣದಿಂದ. ಪ್ರವಾಸೋದ್ಯಮದ ಯೋಜನೆ ಹಾಕುವವರು ಗಮನಿಸಬೇಕಾದ ಅಂಶ ಇದು. ಊರಿನವರ ಅನ್ನಕ್ಕೆ ದಾರಿಯಾದ ಸ್ಮಾರಕಕ್ಕೆ ಊರಿನವರೇ ಕಾವಲು ನಿಲ್ಲುತ್ತಾರೆ. ಊರಿನವರನ್ನು ಹೊರಗಿಟ್ಟ ಸ್ಮಾರಕಕ್ಕೆ ಬೇಲಿ, ಕಾವಲುಗಾರ, ನ್ಯಾಯಾಲಯ ಎಲ್ಲವೂ ಬೇಕಾಗುತ್ತವೆ. ಆದರೂ ಕಂಬ ಬೀಳುತ್ತದೆ. ಹಾಗೆಂದು ಕಂಬಕ್ಕೆ ಮೊಳೆ ಹೊಡೆಯುವ ಹಕ್ಕು ಊರಿನವರಿಗೂ ಇಲ್ಲ. ಕಾಲುವೆಯ ನೀರಿಗೆ ಸರದಿ ಇರುವಂತೆ, ಬರುವ ಜನಕ್ಕೂ ಮಾಡುವ ವ್ಯಾಪಾರಕ್ಕೂ ಒಂದು ಸರದಿ, ಒಂದು ಮಿತಿ ಬೇಕು. ಆ ಮಿತಿಯನ್ನು ನಿರ್ಧರಿಸುವಾಗ ಪ್ರಾಧಿಕಾರದ ಕಚೇರಿಯಲ್ಲಿ ಹಂಪೆ, ಆನೆಗೊಂದಿ, ಕಮಲಾಪುರ, ಕಡ್ಡಿರಾಂಪುರದವರಿಗೂ ಕುರ್ಚಿ ಇರಬೇಕು.

2021ರಲ್ಲಿ ಬಳ್ಳಾರಿಯಿಂದ ಬೇರ್ಪಟ್ಟ ಹೊಸ ಜಿಲ್ಲೆಗೆ ವಿಜಯನಗರದ ಹೆಸರನ್ನೇ ಇಟ್ಟಿದ್ದಾಗಿದೆ. ಆ ಹೆಸರಿನ ಜೊತೆ ಬಂದ ಹೊಣೆಯೂ ಸಣ್ಣದಲ್ಲ. ತೇರುಬೀದಿಯ ಖಾಲಿ ಮಂಟಪಗಳಲ್ಲಿ ಯಾವ ವ್ಯಾಪಾರಕ್ಕೆ ಎಷ್ಟು ಜಾಗ ಕೊಡಬಹುದು, ಹೊಳೆಯಾಚೆ ಎಷ್ಟು ವಸತಿಗೃಹಗಳನ್ನು ನೆಲ ತಾಳಿಕೊಳ್ಳಬಹುದು ಎಂಬ ಲೆಕ್ಕವನ್ನು ಮುಂದಿನ ಬುಲ್ಡೋಜರಿಗೆ ಮೊದಲೇ ಮಾಡಿ ಮುಗಿಸಬೇಕು. ಕಾಲಿದ್ದವರು ಹಂಪೆಗೆ ಬರುತ್ತಲೇ ಇರುತ್ತಾರೆ. ಅವರು ನಡೆಯುವ ದಾರಿಯ ಬದಿಗೆ ಊರೊಂದು ಇರಬೇಕೋ, ಬರಿಯ ಕಲ್ಲುಗಳಿರಬೇಕೋ ಎಂಬುದು ಇತ್ಯರ್ಥವಾಗುವುದು ಆ ಲೆಕ್ಕದಲ್ಲಿ.